ಸಂಧಿವಾತಕ್ಕೆ ಚಿನ್ನದ ಸೂಜಿಮದ್ದು

ಇಪ್ಪತ್ತನೆಯ ಶತಮಾನದ ನಡುವಿನ ಸುಮಾರು ಐವತ್ತು ವರ್ಷಗಳ ಕಾಲ ರುಮಟಾಯ್ಡ್ ಸಂಧಿವಾತವೆಂಬ ಹಠಮಾರಿ ಕೀಲುರೋಗಕ್ಕೆ ಆಧುನಿಕ ವೈದ್ಯರ ಕೈಯಲ್ಲಿದ್ದ ಮುಖ್ಯ ಔಷಧಗಳಲ್ಲಿ ಚಿನ್ನವೂ ಒಂದಾಗಿತ್ತು ಎಂಬ ಸಂಗತಿ ಇಂದಿನ ಅನೇಕರಿಗೆ ಹೊಸತಾಗಿ ತೋರಬಹುದು. ಇಲ್ಲಿ ಚಿನ್ನವೆಂದರೆ ಒಡವೆಯ ಚಿನ್ನವಲ್ಲ, ಭಸ್ಮವೂ ಅಲ್ಲ. ಗಂಧಕವುಳ್ಳ ಸಾವಯವ ಅಣುವೊಂದಕ್ಕೆ ಚಿನ್ನದ ಪರಮಾಣುವನ್ನು ಬೆಸೆದು, ನೀರಿನಲ್ಲಿ ಕರಗುವಂತೆ ಮಾಡಿ, ವಾರಕ್ಕೊಮ್ಮೆ ಪೃಷ್ಠದ ಸ್ನಾಯುವಿಗೆ ಚುಚ್ಚುತ್ತಿದ್ದ ಲವಣ. ಕ್ಷಯರೋಗದ ಬಗೆಗಿನ ಒಂದು ತಪ್ಪು ಊಹೆಯಿಂದ ಹೊರಟು, ಕೀಲುಗಳ ವಿಷಯದಲ್ಲಿ ಸರಿಯಾದ ಫಲಿತಾಂಶಕ್ಕೆ ಬಂದು ತಲುಪಿದ ಈ ಚಿಕಿತ್ಸೆ ತನ್ನ ಗುಣವನ್ನು ಕಟ್ಟುನಿಟ್ಟಿನ ಪ್ರಯೋಗಗಳಲ್ಲಿ ಸಾಬೀತುಪಡಿಸಿಕೊಂಡಿತು. ಆದರೆ ಅದು ದೇಹದಲ್ಲಿ ಹೇಗೆ ಕೆಲಸ ಮಾಡುತ್ತದೆಂಬುದು ಪೂರ್ತಿ ಬಗೆಹರಿಯುವ ಮೊದಲೇ ಬಳಕೆಯಿಂದ ಹಿಂದೆ ಸರಿಯಿತು. ಲೋಹದ ಹೊಳಪಿಗೂ ಬೆಲೆಗೂ ಈ ಕಥೆಯಲ್ಲಿ ಯಾವ ಪಾತ್ರವೂ ಇಲ್ಲ ಎಂಬುದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು.

ರುಮಟಾಯ್ಡ್ ಸಂಧಿವಾತವು ವಯಸ್ಸಾದಂತೆ ಮಂಡಿಯ ಮೃದ್ವಸ್ಥಿ ಸವೆದು ಬರುವ ನೋವಿಗಿಂತ ತೀರ ಬೇರೆಯಾದ ರೋಗ. ಹೊರಗಿನಿಂದ ಬರುವ ರೋಗಾಣುಗಳನ್ನು ಎದುರಿಸಬೇಕಾದ ದೇಹದ ರಕ್ಷಣಾ ವ್ಯವಸ್ಥೆ ದಾರಿತಪ್ಪಿ, ಕೀಲುಗಳ ಒಳಭಾಗವನ್ನು ಹೊದೆದಿರುವ ತೆಳುಪೊರೆಯ ಮೇಲೆಯೇ ತಿರುಗಿಬೀಳುವುದರಿಂದ ಇದು ಉಂಟಾಗುತ್ತದೆ. ಸೈನೋವಿಯಂ ಎಂದು ಕರೆಯಲಾಗುವ ಆ ಪೊರೆ ಉರಿಯೂತದಿಂದ ದಪ್ಪಗಾಗಿ, ಪಕ್ಕದ ಮೃದ್ವಸ್ಥಿಯನ್ನೂ ಮೂಳೆಯನ್ನೂ ಮೆಲ್ಲಮೆಲ್ಲನೆ ಕೊರೆಯುತ್ತ ಹೋಗುತ್ತದೆ. ಸಾಮಾನ್ಯವಾಗಿ ಎರಡೂ ಕೈಗಳ ಬೆರಳಿನ ಬುಡದ ಗಂಟುಗಳು, ಮಣಿಕಟ್ಟುಗಳು ಮತ್ತು ಪಾದದ ಸಣ್ಣ ಕೀಲುಗಳು ಒಟ್ಟೊಟ್ಟಿಗೆ ಊದಿಕೊಳ್ಳುತ್ತವೆ. ಬೆಳಿಗ್ಗೆ ಎದ್ದಾಗ ಕೈ ಮಡಚಲಾಗದಂಥ ಬಿಗಿತ ಗಂಟೆಗಟ್ಟಲೆ ಇರುತ್ತದೆ. ಚಿಕಿತ್ಸೆಯಿಲ್ಲದೆ ವರ್ಷಗಳು ಕಳೆದರೆ ಬೆರಳುಗಳು ಕಿರುಬೆರಳಿನ ಕಡೆಗೆ ವಾಲಿ ವಿಕಾರಗೊಳ್ಳುತ್ತವೆ. ವಯಸ್ಕರಲ್ಲಿ ನೂರಕ್ಕೆ ಅರ್ಧದಿಂದ ಒಬ್ಬರವರೆಗೆ ಕಾಣಿಸಿಕೊಳ್ಳುವ ಈ ರೋಗ ಗಂಡಸರಿಗಿಂತ ಹೆಂಗಸರಲ್ಲಿ ಎರಡು ಮೂರು ಪಟ್ಟು ಹೆಚ್ಚು. ಫ್ರೆಂಚ್ ಚಿತ್ರಕಾರ ರೆನ್ವಾ ತನ್ನ ಬಾಳಿನ ಕೊನೆಯ ವರ್ಷಗಳಲ್ಲಿ ಸೊಟ್ಟಗಾದ ಬೆರಳುಗಳ ನಡುವೆ ಕುಂಚ ಹಿಡಿದು ಚಿತ್ರ ಬರೆದದ್ದು ಇದೇ ರೋಗದ ಕಾರಣದಿಂದ. ಆತ 1919ರಲ್ಲಿ ತೀರಿಕೊಂಡ. ಚಿನ್ನದ ಚಿಕಿತ್ಸೆ ಆತನದೇ ದೇಶದಲ್ಲಿ ಶುರುವಾದದ್ದು ಅದಾಗಿ ಹತ್ತು ವರ್ಷಕ್ಕೆ.

ಚಿನ್ನವನ್ನು ಮದ್ದೆಂದು ನಂಬುವ ರೂಢಿ ಮಾತ್ರ ಬಹಳ ಹಳೆಯದು. ಯುರೋಪಿನ ರಸವಾದಿಗಳು ಕುಡಿಯಬಹುದಾದ ಚಿನ್ನದ ದ್ರಾವಣವನ್ನು ಸರ್ವರೋಗ ನಿವಾರಕವೆಂದು ಹೊಗಳಿದರು. ಭಾರತದ ರಸಶಾಸ್ತ್ರ ಸ್ವರ್ಣಭಸ್ಮಕ್ಕೆ ದೊಡ್ಡ ಸ್ಥಾನ ಕೊಟ್ಟಿತು. ಕರ್ನಾಟಕದಲ್ಲಿ ಇಂದಿಗೂ ಪುಷ್ಯ ನಕ್ಷತ್ರದ ದಿನ ಮಕ್ಕಳಿಗೆ ಸ್ವರ್ಣಪ್ರಾಶನ ಮಾಡಿಸುವ ಶಿಬಿರಗಳು ನಡೆಯುತ್ತವೆ. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಅಮೆರಿಕದ ಲೆಸ್ಲಿ ಕೀಲಿ ಎಂಬ ವೈದ್ಯ ಚಿನ್ನದ ಕ್ಲೋರೈಡಿನಿಂದ ಕುಡಿತದ ಚಟ ಬಿಡಿಸುವುದಾಗಿ ಸಾರಿ, ಊರೂರಿಗೆ ಚಿಕಿತ್ಸಾಲಯ ತೆರೆದು ಹಣ ಮಾಡಿದ. ಅವನ ಸೀಸೆಯಲ್ಲಿ ನಿಜವಾಗಿ ಚಿನ್ನವಿತ್ತೇ ಎಂಬುದನ್ನೇ ಆ ಕಾಲದ ರಸಾಯನತಜ್ಞರು ಶಂಕಿಸಿದ್ದರು. ಇಂಥ ಹಿನ್ನೆಲೆಯಿಂದಾಗಿ ಸಂಧಿವಾತದ ಚಿನ್ನದ ಚಿಕಿತ್ಸೆಯನ್ನೂ ಹಳೆಯ ನಂಬಿಕೆಯ ಮುಂದುವರಿಕೆಯೆಂದು ತಿಳಿಯುವವರಿದ್ದಾರೆ. ಅದು ಸರಿಯಲ್ಲ. ಈ ಚಿಕಿತ್ಸೆ ಹುಟ್ಟಿದ್ದು ಸೂಕ್ಷ್ಮಜೀವಿ ವಿಜ್ಞಾನದ ಪ್ರಯೋಗಾಲಯದಲ್ಲಿ, ಕ್ಷಯದ ರೋಗಾಣುವನ್ನು ಕೊಲ್ಲುವ ರಾಸಾಯನಿಕಕ್ಕಾಗಿ ನಡೆದ ಹುಡುಕಾಟದಲ್ಲಿ.

ಕ್ಷಯದ ರೋಗಾಣುವನ್ನು ಕಂಡುಹಿಡಿದ ಜರ್ಮನಿಯ ರಾಬರ್ಟ್ ಕಾಕ್ 1890ರ ಬರ್ಲಿನ್ ವೈದ್ಯಕೀಯ ಸಮ್ಮೇಳನದಲ್ಲಿ, ಚಿನ್ನದ ಸೈನೈಡ್ ಸಂಯುಕ್ತವು ಇಪ್ಪತ್ತು ಲಕ್ಷಕ್ಕೆ ಒಂದು ಭಾಗದಷ್ಟು ತೆಳುವಾಗಿದ್ದಾಗಲೂ ಗಾಜಿನ ನಳಿಕೆಯಲ್ಲಿ ಆ ರೋಗಾಣುವಿನ ಬೆಳವಣಿಗೆಯನ್ನು ತಡೆಯುತ್ತದೆಂದು ತಿಳಿಸಿದರು. ರೋಗ ತಗುಲಿಸಿದ ಪ್ರಾಣಿಗಳಲ್ಲಿ ಅದರಿಂದ ಪ್ರಯೋಜನ ಕಾಣಲಿಲ್ಲವೆಂಬುದನ್ನೂ ಅವರು ಮುಚ್ಚಿಡಲಿಲ್ಲ. ಕಾಕ್ ಬಳಸಿದ ಈ ವಸ್ತು ಕನ್ನಡನಾಡಿಗೆ ಅಪರಿಚಿತವೇನಲ್ಲ. ಪುಡಿಮಾಡಿದ ಅದಿರನ್ನು ತೆಳು ಸೈನೈಡ್ ದ್ರಾವಣದಲ್ಲಿ ನೆನೆಸಿದಾಗ ಗಾಳಿಯ ಆಮ್ಲಜನಕದ ನೆರವಿನಿಂದ ಚಿನ್ನ ಕರಗಿ ಹೊರಬರುತ್ತದೆಂಬ ವಿಧಾನ 1887ರಲ್ಲಿ ಗ್ಲಾಸ್ಗೋದಲ್ಲಿ ರೂಪುಗೊಂಡು ಲೋಕದ ಗಣಿಗಳನ್ನೆಲ್ಲ ವ್ಯಾಪಿಸಿತು. ಕೋಲಾರದ ಗಣಿಗಳಲ್ಲಿ ಚಿನ್ನ ತೆಗೆದದ್ದೂ ಅದೇ ವಿಧಾನದಿಂದ, 2001ರಲ್ಲಿ ಗಣಿ ಮುಚ್ಚಿದ ಮೇಲೂ ಊರಿನ ಅಂಚಿನಲ್ಲಿ ಉಳಿದಿರುವ ಬೂದುಬಣ್ಣದ ಸೈನೈಡ್ ದಿಬ್ಬಗಳು ಅದೇ ಕೆಲಸದ ಕಸ. ಆ ದ್ರಾವಣದಲ್ಲಿ ಚಿನ್ನ ಯಾವ ರೂಪದಲ್ಲಿ ಕರಗಿರುತ್ತದೋ ಕಾಕ್ ಅವರ ನಳಿಕೆಯಲ್ಲಿದ್ದ ಚಿನ್ನವೂ ಅದೇ ರೂಪದ್ದು: ಒಂದು ಚಿನ್ನದ ಪರಮಾಣು, ಅದರ ಎರಡು ಬದಿಗೆ ಎರಡು ಸೈನೈಡ್. ಈ ಅಣು ಕಥೆಯ ಮುಂದಿನ ಭಾಗದಲ್ಲಿ, ರೋಗಿಯ ಮೂತ್ರದಲ್ಲಿ, ಮತ್ತೆ ಎದುರಾಗುತ್ತದೆ.

ಕಾಕ್ ಅವರ ಮಾತಿನ ಮೊದಲರ್ಧವನ್ನು ಹಿಡಿದುಕೊಂಡು ಎರಡನೆಯದನ್ನು ಮರೆತವರು ಅನೇಕರು. ಸೈನೈಡಿನಷ್ಟು ವಿಷಕಾರಿಯಲ್ಲದ ಚಿನ್ನದ ಲವಣಗಳಿಗಾಗಿ ಹುಡುಕಾಟ ಶುರುವಾಯಿತು, ಏಕೆಂದರೆ ಕ್ಷಯಕ್ಕೆ ಆಗ ಶುದ್ಧ ಗಾಳಿ, ವಿಶ್ರಾಂತಿ ಮತ್ತು ಒಳ್ಳೆಯ ಊಟವನ್ನು ಬಿಟ್ಟರೆ ಬೇರೆ ಉಪಾಯವಿರಲಿಲ್ಲ. 1920ರ ದಶಕದ ನಡುವೆ ಡೆನ್ಮಾರ್ಕಿನ ಹೋಲ್ಗರ್ ಮೊಲ್‌ಗಾರ್ಡ್ ಚಿನ್ನ ಮತ್ತು ಥಯೋಸಲ್ಫೇಟ್ ಸೇರಿದ ಸ್ಯಾನೊಕ್ರೈಸಿನ್ ಎಂಬ ಲವಣವನ್ನು ಕ್ಷಯದ ಔಷಧವಾಗಿ ಮುಂದಿಟ್ಟರು. ಮುಂದಿನ ಹತ್ತು ವರ್ಷ ಯುರೋಪಿನ ಕ್ಷಯಧಾಮಗಳಲ್ಲಿ ಚಿನ್ನವೇ ಚಿನ್ನ. ರೋಗಿಗಳಿಗೆ ಜ್ವರ, ಮೈಮೇಲೆ ದದ್ದು, ಮೂತ್ರಪಿಂಡದ ತೊಂದರೆ ಕಾಣಿಸಿಕೊಂಡರೆ, ಸತ್ತ ರೋಗಾಣುಗಳಿಂದ ಹೊರಬಿದ್ದ ವಿಷದ ಪರಿಣಾಮ ಅದು, ಅಂದರೆ ಔಷಧ ಕೆಲಸ ಮಾಡುತ್ತಿರುವುದರ ಗುರುತು, ಎಂದು ಸಮಜಾಯಿಷಿ ಕೊಡಲಾಗುತ್ತಿತ್ತು. ಔಷಧದ ವಿಷವನ್ನೇ ಔಷಧದ ಗುಣವೆಂದು ಓದಿದ ಇಂಥ ಪ್ರಸಂಗಗಳು ವೈದ್ಯಕೀಯ ಇತಿಹಾಸದಲ್ಲಿ ಅಪರೂಪವಲ್ಲ.

ಈ ಭ್ರಮೆಯನ್ನು ಹರಿದ ಪ್ರಯೋಗ ಅಮೆರಿಕದ ಡೆಟ್ರಾಯಿಟ್ ಸಮೀಪದ ಕ್ಷಯಧಾಮವೊಂದರಲ್ಲಿ ನಡೆಯಿತು. ಬರ್ನ್ಸ್ ಆಂಬರ್‌ಸನ್ ಮತ್ತು ಅವರ ಇಬ್ಬರು ಸಹೋದ್ಯೋಗಿಗಳು 24 ರೋಗಿಗಳನ್ನು ಆರಿಸಿ, ರೋಗದ ತೀವ್ರತೆಯಲ್ಲಿ ಒಬ್ಬರಿಗೊಬ್ಬರು ಸರಿಹೊಂದುವಂತೆ ನೋಡಿ ಹನ್ನೆರಡು ಹನ್ನೆರಡು ಜನರ ಎರಡು ಗುಂಪು ಮಾಡಿ, ಯಾವ ಗುಂಪಿಗೆ ಚಿನ್ನ ಕೊಡಬೇಕೆಂಬುದನ್ನು ನಾಣ್ಯ ಚಿಮ್ಮಿ ತೀರ್ಮಾನಿಸಿದರು. ಇನ್ನೊಂದು ಗುಂಪಿಗೆ ಶುದ್ಧೀಕರಿಸಿದ ನೀರಿನ ಚುಚ್ಚುಮದ್ದು ಕೊಟ್ಟು, ಯಾರಿಗೆ ಏನು ಸಿಕ್ಕಿತೆಂಬುದು ರೋಗಿಗಳಿಗೆ ತಿಳಿಯದಂತೆ ನೋಡಿಕೊಂಡರು. 1931ರಲ್ಲಿ ಪ್ರಕಟವಾದ ಫಲಿತಾಂಶದ ಪ್ರಕಾರ ಚಿನ್ನದಿಂದ ಕ್ಷಯಕ್ಕೆ ಯಾವ ಉಪಕಾರವೂ ಆಗಿರಲಿಲ್ಲ, ಅಪಾಯ ಮಾತ್ರ ಸ್ಪಷ್ಟವಾಗಿತ್ತು. ವೈದ್ಯರ ಆಯ್ಕೆಗೆ ಬಿಡದೆ ಅದೃಷ್ಟದ ಮೇಲೆ ಗುಂಪು ನಿರ್ಧರಿಸುವ ಪ್ರಯೋಗ ವಿಧಾನದ ಮೊದಲ ಮಾದರಿಗಳಲ್ಲಿ ಇದೂ ಒಂದೆಂದು ಇತಿಹಾಸಕಾರರು ಎಣಿಸುತ್ತಾರೆ. ಚಿನ್ನವು ವೈದ್ಯಶಾಸ್ತ್ರಕ್ಕೆ ಕೊಟ್ಟ ಮೊದಲ ಕೊಡುಗೆ ಹೀಗೆ ಒಂದು ವಾಸಿಯಾದ ರೋಗವಲ್ಲ, ಔಷಧಗಳನ್ನು ಒರೆಗೆ ಹಚ್ಚುವ ಕ್ರಮ.

ಅಷ್ಟರಲ್ಲಿ ಚಿನ್ನ ಕೀಲುಗಳ ಕಡೆಗೆ ತಿರುಗಿಯಾಗಿತ್ತು. 1927ರಲ್ಲಿ ಜರ್ಮನಿಯ ಕಾರ್ಲ್ ಲಾಂಡೆ ಬೇರೆ ಸೋಂಕುಗಳಿಗೆಂದು ಚಿನ್ನದ ಸಂಯುಕ್ತವೊಂದನ್ನು ಕೊಡುತ್ತಿದ್ದಾಗ ರೋಗಿಗಳ ಕೀಲುನೋವು ತಗ್ಗಿದ್ದನ್ನು ಗಮನಿಸಿ, ಇದನ್ನು ಸಂಧಿವಾತದಲ್ಲಿ ಪ್ರಯತ್ನಿಸಿ ನೋಡಬಹುದೆಂದು ಬರೆದರು. ಆ ಸೂಚನೆಯನ್ನು ಗಟ್ಟಿಯಾಗಿ ಕೈಗೆತ್ತಿಕೊಂಡವರು ಫ್ರಾನ್ಸಿನ ಎಕ್ಸ್-ಲೆ-ಬೇನ್ ಎಂಬ ಬಿಸಿನೀರಿನ ಬುಗ್ಗೆಗಳ ಊರಿನ ವೈದ್ಯ ಜಾಕ್ ಫೋರೆಸ್ತಿಯೆ. 1920ರ ಆಂಟ್ವರ್ಪ್ ಒಲಿಂಪಿಕ್ಸ್‌ನಲ್ಲಿ ಬೆಳ್ಳಿ ಪದಕ ಪಡೆದ ಫ್ರಾನ್ಸ್ ರಗ್ಬಿ ತಂಡದ ಆಟಗಾರರಾಗಿದ್ದ ಈತ, ಎಕ್ಸ್-ರೇ ಚಿತ್ರದಲ್ಲಿ ದೇಹದ ಒಳಪೊಳ್ಳುಗಳು ಕಾಣುವಂತೆ ಮಾಡುವ ಅಯೋಡಿನ್ ಬೆರೆತ ಎಣ್ಣೆಯನ್ನು ಸಿಕಾರ್ ಎಂಬ ಹಿರಿಯರೊಂದಿಗೆ ಬಳಕೆಗೆ ತಂದು ಅದಾಗಲೇ ಹೆಸರು ಮಾಡಿದ್ದರು. ಮೈನೋವು ಕೈನೋವೆಂದು ಬುಗ್ಗೆಗಳಲ್ಲಿ ಸ್ನಾನಕ್ಕೆ ಬರುವವರ ಸಾಲು ಎಂದೂ ಕರಗದ ಆ ಊರಿನಲ್ಲಿ ಅವರಿಗೆ ರೋಗಿಗಳ ಕೊರತೆಯಂತೂ ಇರಲಿಲ್ಲ.

ಫೋರೆಸ್ತಿಯೆ ಅವರ ತರ್ಕ ಸರಳವಾಗಿತ್ತು ಮತ್ತು ತಪ್ಪಾಗಿತ್ತು. ಸಂಧಿವಾತವು ಕ್ಷಯಕ್ಕೆ ಹತ್ತಿರವಾದ ಒಂದು ಸೋಂಕಿರಬೇಕು, ಕ್ಷಯಕ್ಕೆ ಚಿನ್ನ ಕೊಡುವುದಾದರೆ ಇದಕ್ಕೂ ಕೊಟ್ಟು ನೋಡಬೇಕು ಎಂಬುದಷ್ಟೇ ಅವರ ಎಣಿಕೆ. ಸಂಧಿವಾತಕ್ಕೂ ಕ್ಷಯದ ರೋಗಾಣುವಿಗೂ ಅವರು ಭಾವಿಸಿದ ನಂಟು ಇರಲಿಲ್ಲ, ಚಿನ್ನ ಕ್ಷಯಕ್ಕೆ ಮದ್ದೂ ಆಗಿರಲಿಲ್ಲ. ಎರಡು ತಪ್ಪು ಮೆಟ್ಟಿಲುಗಳನ್ನು ಹತ್ತಿ ಅವರು ಮುಟ್ಟಿದ ಜಾಗ ಮಾತ್ರ ನಿಜವಾಗಿತ್ತು. 1929ರಲ್ಲಿ ಮೊದಲ ವರದಿಯನ್ನೂ, 1935ರ ಹೊತ್ತಿಗೆ ಆರು ವರ್ಷಗಳ ಅನುಭವದ ವಿವರವಾದ ಪ್ರಬಂಧವನ್ನೂ ಪ್ರಕಟಿಸಿದ ಅವರು, ಬಹುಪಾಲು ರೋಗಿಗಳಲ್ಲಿ ಊತ ಇಳಿದದ್ದನ್ನು, ರಕ್ತದ ಕೆಂಪುಕಣಗಳು ನಳಿಕೆಯ ತಳಕ್ಕೆ ಕೂರುವ ವೇಗ ಕಡಿಮೆಯಾದದ್ದನ್ನು ದಾಖಲಿಸಿದರು. ಇ.ಎಸ್.ಆರ್. ಎಂದು ಇಂದಿನ ಪ್ರಯೋಗಾಲಯದ ಚೀಟಿಯಲ್ಲಿ ಕಾಣುವ ಈ ವೇಗ ದೇಹದಲ್ಲಿ ಉರಿಯೂತ ಹೆಚ್ಚಿದಷ್ಟೂ ಏರುತ್ತದೆ. ಹಾಗಾಗಿ ಅದು ಇಳಿಯುವುದೆಂದರೆ ನೋವಷ್ಟೇ ಅಲ್ಲ, ಬೆಂಕಿಯೇ ಆರುತ್ತಿದೆ ಎಂದು ಅರ್ಥ. ಆಸ್ಪಿರಿನ್‌ನಂಥ ನೋವುಶಾಮಕಗಳಿಂದ ಇಂಥ ಬದಲಾವಣೆ ಬರುತ್ತಿರಲಿಲ್ಲ. ಚಿನ್ನ ಫಲ ಕೊಡಲು ಮೂರರಿಂದ ಆರು ತಿಂಗಳು ಬೇಕೆಂಬುದನ್ನೂ ಫೋರೆಸ್ತಿಯೆ ಮತ್ತು ಅವರ ನಂತರದವರು ಗುರುತಿಸಿದರು. ನೋವನ್ನು ಆ ಹೊತ್ತಿಗೆ ಮರೆಸುವ ಮದ್ದು ಬೇರೆ, ನಿಧಾನವಾಗಿ ರೋಗದ ನಡೆಯನ್ನೇ ಬದಲಿಸುವ ಮದ್ದು ಬೇರೆ ಎಂಬ ಇಂದಿನ ಸಂಧಿವಾತ ಚಿಕಿತ್ಸೆಯ ಮೂಲ ವಿಭಜನೆ ಬೇರೂರಿದ್ದು ಈ ಅವಲೋಕನದಿಂದ.

ಒಬ್ಬ ವೈದ್ಯನ ಅನುಭವ ಎಷ್ಟೇ ದೊಡ್ಡದಾದರೂ ಪುರಾವೆಯಾಗುವುದಿಲ್ಲವೆಂದು ಕ್ಷಯಧಾಮದ ಪ್ರಸಂಗ ಆಗಲೇ ಕಲಿಸಿತ್ತು; ಸಂಧಿವಾತವಂತೂ ತಾನಾಗಿಯೇ ಏರಿಳಿಯುವ ರೋಗ, ಇಳಿಯುವ ಹೊತ್ತಿಗೆ ಕೊಟ್ಟ ಯಾವ ಕಷಾಯಕ್ಕೂ ಹೆಸರು ಬಂದೀತು. 1945ರಲ್ಲಿ ಗ್ಲಾಸ್ಗೋದ ಥಾಮಸ್ ಫ್ರೇಸರ್ ನೂರಕ್ಕೂ ಹೆಚ್ಚು ರೋಗಿಗಳಲ್ಲಿ ಚಿನ್ನವನ್ನೂ ಹುಸಿಮದ್ದನ್ನೂ ಹೋಲಿಸಿ ನೋಡಿ, ಚಿನ್ನ ಪಡೆದವರಲ್ಲಿ ಗುಣ ಕಂಡವರ ಪ್ರಮಾಣ ಹೆಚ್ಚೆಂದು ತೋರಿಸಿದರು. ಅದಕ್ಕಿಂತ ದೊಡ್ಡ ಪರೀಕ್ಷೆ ನಡೆಸಿದ್ದು ಬ್ರಿಟನ್ನಿನ ಎಂಪೈರ್ ರುಮಾಟಿಸಂ ಕೌನ್ಸಿಲ್. ಹಲವು ಆಸ್ಪತ್ರೆಗಳ ಸುಮಾರು 200 ರೋಗಿಗಳಲ್ಲಿ ಅರ್ಧದಷ್ಟು ಜನರಿಗೆ ವಾರಕ್ಕೆ 50 ಮಿಲಿಗ್ರಾಮಿನಂತೆ 20 ವಾರ ಸೋಡಿಯಂ ಆರೋಥಯೋಮಾಲೇಟ್ ಎಂಬ ಚಿನ್ನದ ಲವಣವನ್ನೂ, ಉಳಿದವರಿಗೆ ಅದೇ ಔಷಧವನ್ನು ಪರಿಣಾಮವೇ ಆಗದಷ್ಟು ಅಲ್ಪ ಪ್ರಮಾಣದಲ್ಲಿಯೂ ಕೊಟ್ಟು, ಅವರ ಕೈಹಿಡಿತದ ಬಲ, ಊದಿದ ಕೀಲುಗಳ ಸಂಖ್ಯೆ, ರಕ್ತಪರೀಕ್ಷೆ ಮತ್ತು ಎಕ್ಸ್-ರೇಗಳನ್ನು ಕಾಲಕಾಲಕ್ಕೆ ಅಳೆಯಲಾಯಿತು. 1960 ಮತ್ತು 1961ರಲ್ಲಿ ಹೊರಬಂದ ವರದಿಗಳು ಚಿನ್ನದ ಮೇಲುಗೈಯನ್ನು ಸಂದೇಹಕ್ಕೆಡೆಯಿಲ್ಲದಂತೆ ತೋರಿಸಿದವು. ಆದರೆ ಚುಚ್ಚುಮದ್ದು ನಿಲ್ಲಿಸಿದ ಮೇಲೆ ಲಾಭ ಕ್ರಮೇಣ ಕರಗಿ, ಎರಡೂವರೆ ವರ್ಷದ ಹೊತ್ತಿಗೆ ಎರಡು ಗುಂಪುಗಳ ನಡುವಿನ ಅಂತರ ಅಳಿಸಿಹೋಗಿತ್ತು. ಮೂಳೆಯ ಸವೆತವನ್ನು ಚಿನ್ನ ತಡೆಯುತ್ತದೆಂಬುದಕ್ಕೂ ಆ ಪ್ರಯೋಗದ ಎಕ್ಸ್-ರೇಗಳಲ್ಲಿ ಆಧಾರ ದೊರೆಯಲಿಲ್ಲ. ಔಷಧವನ್ನು ಎರಡು ವರ್ಷ ಮುಂದುವರಿಸಿದ 1974ರ ಅಮೆರಿಕದ ಚಿಕ್ಕ ಪ್ರಯೋಗವೊಂದರಲ್ಲಿ ಆ ಸೂಚನೆ ಸಿಕ್ಕಿತು. ಹೀಗೆ ಚಿನ್ನವನ್ನು ನಿಲ್ಲಿಸದೆ, ಅಂತರ ಹೆಚ್ಚಿಸುತ್ತ ವರ್ಷಗಟ್ಟಲೆ ಕೊಡುವ ಪದ್ಧತಿ ಬಂತು.

ಆ ಪದ್ಧತಿಯ ದಿನಚರಿ ಶಿಸ್ತಿನದು. ಮೊದಲ ವಾರ 10 ಮಿಲಿಗ್ರಾಮಿನ ಪರೀಕ್ಷಾರ್ಥ ಸೂಜಿ ಕೊಟ್ಟು, ರೋಗಿಯನ್ನು ಅರ್ಧ ಗಂಟೆಯಾದರೂ ಆಸ್ಪತ್ರೆಯಲ್ಲೇ ಕೂರಿಸಿಕೊಳ್ಳುತ್ತಿದ್ದರು, ಏಕೆಂದರೆ ಕೆಲವರಿಗೆ ಚುಚ್ಚಿದ ನಿಮಿಷಗಳಲ್ಲೇ ಮುಖ ಕೆಂಪೇರಿ, ರಕ್ತದೊತ್ತಡ ಇಳಿದು ತಲೆ ತಿರುಗುವುದಿತ್ತು. ಆಮೇಲೆ ವಾರಕ್ಕೆ 50 ಮಿಲಿಗ್ರಾಂ. ಪ್ರತಿ ಸಲವೂ ಸೂಜಿಗೆ ಮುಂಚೆ ದಾದಿ ರೋಗಿಯ ಮೂತ್ರದಲ್ಲಿ ಪ್ರೋಟೀನ್ ಇದೆಯೇ ಎಂದು ನೋಡಬೇಕು, ರಕ್ತದ ಬಿಳಿಕಣ ಮತ್ತು ಪ್ಲೇಟ್‌ಲೆಟ್‌ಗಳ ಎಣಿಕೆ ತರಿಸಿಕೊಳ್ಳಬೇಕು, ಮೈಯಲ್ಲಿ ತುರಿಕೆಯಿದೆಯೇ, ಬಾಯಲ್ಲಿ ಹುಣ್ಣಾಗಿದೆಯೇ, ನಾಲಿಗೆಗೆ ಲೋಹದ ರುಚಿ ತಟ್ಟುತ್ತಿದೆಯೇ ಎಂದು ಕೇಳಬೇಕು. ಒಂದಕ್ಕೆ ಹೌದೆಂದರೂ ಆ ವಾರದ ಸೂಜಿ ನಿಂತಿತು. ಈ ವಿವರಗಳನ್ನೆಲ್ಲ ತುಂಬುವ ಕಾರ್ಡೊಂದು ರೋಗಿಯ ಕೈಯಲ್ಲೇ ಇರುತ್ತಿತ್ತು. ಒಟ್ಟು ಒಂದು ಗ್ರಾಂ ಲವಣ ಒಳಹೋದ ಮೇಲೂ ಗುಣ ಕಾಣದಿದ್ದರೆ ಚಿಕಿತ್ಸೆ ಅಲ್ಲಿಗೆ ಮುಗಿಯಿತು. ಗುಣ ಕಂಡರೆ ಎರಡು ವಾರಕ್ಕೊಮ್ಮೆ, ಮೂರು ವಾರಕ್ಕೊಮ್ಮೆ, ಕೊನೆಗೆ ತಿಂಗಳಿಗೊಮ್ಮೆ. ಲವಣದ ತೂಕದಲ್ಲಿ ಚಿನ್ನದ ಪಾಲು ಹತ್ತಿರ ಹತ್ತಿರ ಅರ್ಧ. ಅಂದರೆ ಐದು ತಿಂಗಳ ಚಿಕಿತ್ಸೆಯಲ್ಲಿ ಒಬ್ಬ ರೋಗಿಯ ಮೈಸೇರುತ್ತಿದ್ದ ಬಂಗಾರ ಒಂದು ಸಣ್ಣ ಮೂಗುಬೊಟ್ಟಿನಷ್ಟು.

ಆ ಅರ್ಧ ಗ್ರಾಂ ಮಾಡಬಲ್ಲ ಹಾನಿ ಅಲ್ಪವೇನಲ್ಲ. ಸುಮಾರು ಮೂರನೆಯ ಒಂದು ಭಾಗದಷ್ಟು ರೋಗಿಗಳು ಅಡ್ಡಪರಿಣಾಮಗಳಿಂದಾಗಿಯೇ ಔಷಧವನ್ನು ಬಿಡಬೇಕಾಗುತ್ತಿತ್ತು. ಅವುಗಳಲ್ಲಿ ಹೆಚ್ಚಿನವು ಚರ್ಮದ ದದ್ದು ಮತ್ತು ಬಾಯಿಹುಣ್ಣು, ಔಷಧ ನಿಲ್ಲಿಸಿದರೆ ವಾಸಿಯಾಗುವಂಥವು. ಮೂತ್ರಪಿಂಡದ ಸೋಸುವ ಪೊರೆ ಹಾಳಾಗಿ ಮೂತ್ರದಲ್ಲಿ ಪ್ರೋಟೀನ್ ಸೋರುವುದು ಇನ್ನೊಂದು ತೊಂದರೆ. ಅದೂ ಬಹುಮಟ್ಟಿಗೆ ತಿಂಗಳುಗಳಲ್ಲಿ ಸರಿಹೋಗುತ್ತಿತ್ತು. ಅಪರೂಪವಾಗಿಯಾದರೂ ಪ್ರಾಣಕ್ಕೆ ಸಂಚಕಾರ ತರುತ್ತಿದ್ದದ್ದು ರಕ್ತಕಣಗಳನ್ನು ತಯಾರಿಸುವ ಅಸ್ಥಿಮಜ್ಜೆಯೇ ಬತ್ತಿಹೋಗುವ ಸ್ಥಿತಿ. ದೇಹಕ್ಕೆ ತನ್ನದು ಯಾವುದು ಪರಕೀಯವಾದದ್ದು ಯಾವುದೆಂದು ಗುರುತು ಹೇಳುವ, ಎಚ್.ಎಲ್.ಎ. ಎಂಬ ಹೆಸರಿನ ವಂಶವಾಹಿಗಳ ಗುಂಪಿನಲ್ಲಿ ಡಿ.ಆರ್.3 ಎಂಬ ಬಗೆಯನ್ನು ಹೊತ್ತವರಿಗೆ ಮೂತ್ರಪಿಂಡ ಮತ್ತು ಪ್ಲೇಟ್‌ಲೆಟ್‌ಗಳ ತೊಂದರೆ ಹೆಚ್ಚಾಗಿ ಬರುತ್ತದೆಂದು ನಂತರ ತಿಳಿದುಬಂತು. ಒಂದೇ ಔಷಧ ಒಬ್ಬರಿಗೆ ಹಿತ, ಇನ್ನೊಬ್ಬರಿಗೆ ವಿಷ ಆಗುವುದರ ಹಿಂದೆ ಹುಟ್ಟಿನಿಂದ ಬಂದ ಕಾರಣವಿರಬಹುದೆಂಬುದಕ್ಕೆ ಸಿಕ್ಕ ಆರಂಭದ ಉದಾಹರಣೆಗಳಲ್ಲಿ ಇದು ಒಂದು. ವರ್ಷಗಟ್ಟಲೆ ಚಿನ್ನ ಪಡೆದ ಕೆಲವರ ಚರ್ಮ, ಬಿಸಿಲಿಗೆ ತೆರೆದಿರುವ ಮುಖ ಕೈಗಳಲ್ಲಿ, ಹಳದಿಯಲ್ಲ, ನೀಲಿಬೂದು ಬಣ್ಣಕ್ಕೆ ತಿರುಗುತ್ತಿತ್ತು. ಚರ್ಮದಾಳದಲ್ಲಿ ಕುಳಿತ ಆ ಕಣಗಳು ಎಷ್ಟು ಕಾಲ ಉಳಿಯುತ್ತವೆಂದರೆ, ಚಿಕಿತ್ಸೆ ನಿಂತು ದಶಕಗಳಾದ ಮೇಲೆ ಮುಖದ ಕಲೆ ತೆಗೆಸಲೆಂದು ಲೇಸರ್ ಮಾಡಿಸಿಕೊಂಡವರ ಚರ್ಮ ಬೆಳಕು ಬಿದ್ದ ಕ್ಷಣವೇ ಕಪ್ಪುನೀಲಿಯಾದ ಪ್ರಕರಣಗಳು ವೈದ್ಯಕೀಯ ಪತ್ರಿಕೆಗಳಲ್ಲಿ ವರದಿಯಾಗಿವೆ.

ಚಿನ್ನ ದೇಹದೊಳಗೆ ಮಾಡುವುದಾದರೂ ಏನು ಎಂಬ ಪ್ರಶ್ನೆಗೆ ಉತ್ತರ ಅದರ ರಸಾಯನದಲ್ಲಿದೆ. ಲೋಹರೂಪದ ಚಿನ್ನ ಯಾವುದರೊಂದಿಗೂ ಬೇಗ ಬೆರೆಯದ ಜಡ ವಸ್ತು; ಆದರೆ ಒಂದು ಇಲೆಕ್ಟ್ರಾನನ್ನು ಕಳೆದುಕೊಂಡ ಚಿನ್ನದ ಪರಮಾಣುವಿಗೆ ಗಂಧಕದ ಮೇಲೆ, ಅದಕ್ಕಿಂತ ಹೆಚ್ಚಾಗಿ ಗಂಧಕದ ಕುಲಕ್ಕೇ ಸೇರಿದ ಸೆಲೆನಿಯಂ ಮೇಲೆ ಬಲವಾದ ಸೆಳೆತವಿದೆ. ಚುಚ್ಚಿದ ಲವಣ ರಕ್ತಕ್ಕೆ ಸೇರುತ್ತಲೇ ಚಿನ್ನವು ತನ್ನ ಮೊದಲಿನ ಜೊತೆಗಾರನನ್ನು ಬಿಟ್ಟು, ರಕ್ತದ ಆಲ್ಬುಮಿನ್ ಎಂಬ ಪ್ರೋಟೀನಿನ ಗಂಧಕಕ್ಕೆ ಅಂಟಿಕೊಂಡು ಮೈಯೆಲ್ಲ ಸುತ್ತುತ್ತದೆ. ಉರಿಯೂತವಿರುವ ಕೀಲಿನ ಪೊರೆಯಲ್ಲಿ, ಕಸವನ್ನು ನುಂಗುವ ಮ್ಯಾಕ್ರೊಫೇಜ್ ಕೋಶಗಳು ಅದನ್ನು ಒಳಗೆಳೆದುಕೊಂಡು ತಮ್ಮ ಜೀರ್ಣಚೀಲಗಳಲ್ಲಿ ಕೂಡಿಡುತ್ತವೆ. ಸೂಕ್ಷ್ಮದರ್ಶಕದಲ್ಲಿ ಕಪ್ಪು ಚುಕ್ಕೆಗಳಾಗಿ ಕಾಣುವ ಈ ಚೀಲಗಳಿಗೆ ಆರೋಸೋಮ್ ಎಂಬ ಹೆಸರೂ ಇದೆ. ಕೀಲನ್ನು ಕೊರೆಯುವ ಕಿಣ್ವಗಳ ಮೇಲೂ, ಉರಿಯೂತದ ಸಂದೇಶಗಳನ್ನು ಹೊರಡಿಸಲು ಕೋಶದೊಳಗೆ ಗುಂಡಿಯೊತ್ತುವ ಪ್ರೋಟೀನುಗಳ ಮೇಲೂ ಚಿನ್ನ ಕಡಿವಾಣ ಹಾಕುತ್ತದೆಂದು ಪ್ರಯೋಗಗಳು ತೋರಿಸಿವೆ. ಇವುಗಳಲ್ಲಿ ಯಾವುದು ಪ್ರಧಾನ, ಯಾವುದು ಗೌಣ ಎಂಬ ಚರ್ಚೆ ಮುಗಿದಿಲ್ಲ.

ಸೈನೈಡ್ ಮತ್ತೆ ಪ್ರವೇಶಿಸುವುದು ಇಲ್ಲಿಯೇ. ಸೋಡಿಯಂ ಆರೋಥಯೋಮಾಲೇಟ್ ಪಡೆದ ರೋಗಿಗಳ ಮೂತ್ರದಲ್ಲಿ ಚಿನ್ನದ ಸೈನೈಡ್ ಅಣು ಪತ್ತೆಯಾಯಿತು, ಬೀಡಿ ಸಿಗರೇಟು ಸೇದುವವರಲ್ಲಿ ಹೆಚ್ಚಾಗಿ, ಏಕೆಂದರೆ ತಂಬಾಕಿನ ಹೊಗೆಯಲ್ಲಿ ಸೈನೈಡ್ ಇರುತ್ತದೆ. ಸೇದದವರಲ್ಲಿಯೂ ಉರಿಯೂತದ ಜಾಗದಲ್ಲಿ ನೆರೆಯುವ ಬಿಳಿ ರಕ್ತಕಣಗಳು ದೇಹದಲ್ಲಿರುವ ಥಯೋಸಯನೇಟಿನಿಂದ ಚೂರು ಸೈನೈಡನ್ನು ತಾವೇ ತಯಾರಿಸಬಲ್ಲವು. ಹಾಗೆ ಹುಟ್ಟಿದ ಚಿನ್ನದ ಸೈನೈಡ್ ಕೋಶಗಳ ಒಳಹೊಕ್ಕು ಉರಿಯೂತವನ್ನು ತಗ್ಗಿಸುವುದರಿಂದ, ಔಷಧದ ಪರಿಣಾಮದಲ್ಲಿ ಒಂದು ಪಾಲು ಅದರದ್ದೇ ಇರಬಹುದೆಂದು ಕೆಲವು ಸಂಶೋಧಕರು ವಾದಿಸಿದ್ದಾರೆ. ಕಾಕ್ ಯಾವ ಅಣುವಿನಿಂದ ಶುರುಮಾಡಿದರೋ ಅದು ವಿಷವೆಂದು ಬದಿಗೆ ಸರಿಸಿ ಬೇರೆ ಲವಣ ಹುಡುಕಿದರೆ, ರೋಗಿಯ ಕೀಲಿನಲ್ಲಿ ದೇಹವೇ ಅದನ್ನು ಹನಿಹನಿಯಾಗಿ ಮರಳಿ ಕಟ್ಟುತ್ತಿತ್ತು.

ವಾರವಾರದ ಸೂಜಿಯಿಂದ ಬಿಡುಗಡೆ ಕೊಡುವ ಗುಳಿಗೆಗಾಗಿ ಸ್ಮಿತ್ ಕ್ಲೈನ್ ಅಂಡ್ ಫ್ರೆಂಚ್ ಕಂಪನಿಯ ರಸಾಯನತಜ್ಞರು 1970ರ ದಶಕದಲ್ಲಿ ಆರಾನೊಫಿನ್ ಎಂಬ ಸಂಯುಕ್ತವನ್ನು ಸಿದ್ಧಪಡಿಸಿದರು. ಇದರಲ್ಲಿ ಚಿನ್ನದ ಒಂದು ಬದಿಗೆ ಗಂಧಕವುಳ್ಳ ಸಕ್ಕರೆಯ ಅಣು, ಇನ್ನೊಂದು ಬದಿಗೆ ರಂಜಕದ ಸಂಯುಕ್ತ. ತೂಕದಲ್ಲಿ ಚಿನ್ನದ ಪಾಲು ಶೇ 29. ಅಮೆರಿಕದಲ್ಲಿ 1985ರಲ್ಲಿ ಪರವಾನಗಿ ಪಡೆದ ಈ ಔಷಧವನ್ನು ದಿನಕ್ಕೆರಡು ಬಾರಿ 3 ಮಿಲಿಗ್ರಾಮಿನಂತೆ ನುಂಗಿದರಾಯಿತು. ನುಂಗಿದ್ದರಲ್ಲಿ ನಾಲ್ಕನೆಯ ಒಂದು ಭಾಗದಷ್ಟು ಚಿನ್ನ ಮಾತ್ರ ರಕ್ತಕ್ಕೆ ಸೇರುತ್ತಿತ್ತು, ಹೊಟ್ಟೆಯಲ್ಲುಳಿದದ್ದು ಬಹಳ ಜನರಿಗೆ ಭೇದಿಯಾಗಿ ಹೊರಬರುತ್ತಿತ್ತು. ಮೂತ್ರಪಿಂಡ ಮತ್ತು ರಕ್ತದ ತೊಂದರೆಗಳು ಸೂಜಿಮದ್ದಿಗಿಂತ ಕಡಿಮೆಯಾದರೂ ಕೀಲುಗಳ ಮೇಲಿನ ಪ್ರಭಾವವೂ ಅಷ್ಟೇ ಕಡಿಮೆಯಾಗಿತ್ತು. ಗುಳಿಗೆ ಬಂದದ್ದು ತಡವಾಗಿಯೂ ಇತ್ತು.

ತಡವೆನ್ನಲು ಕಾರಣ ಮೆಥೊಟ್ರೆಕ್ಸೇಟ್. ಅದಕ್ಕೂ ಮುನ್ನ 1948ರಲ್ಲಿ ಅಮೆರಿಕದ ಮೇಯೊ ಕ್ಲಿನಿಕ್ಕಿನ ಫಿಲಿಪ್ ಹೆಂಚ್ ಕಾರ್ಟಿಸೋನ್ ಕೊಟ್ಟು ಹಾಸಿಗೆ ಹಿಡಿದಿದ್ದ ರೋಗಿಯನ್ನು ಕೆಲವೇ ದಿನಗಳಲ್ಲಿ ನಡೆದಾಡಿಸಿದಾಗ ಚಿನ್ನದ ಕಾಲ ಮುಗಿಯಿತೆಂದು ಅನೇಕರು ಭಾವಿಸಿದ್ದರು. ಆದರೆ ಕಾರ್ಟಿಸೋನಿನ ದೀರ್ಘಕಾಲದ ದುಷ್ಪರಿಣಾಮಗಳು ಬಯಲಾದಂತೆ ವೈದ್ಯರು ಮತ್ತೆ ಚಿನ್ನದತ್ತ ತಿರುಗಿದರು. ಮೆಥೊಟ್ರೆಕ್ಸೇಟ್ ಎದುರು ಹಾಗಾಗಲಿಲ್ಲ. ಆಂಧ್ರದ ಭೀಮಾವರಂನಲ್ಲಿ ಹುಟ್ಟಿ ಅಮೆರಿಕದ ಲೆಡರ್ಲೆ ಪ್ರಯೋಗಾಲಯದ ಸಂಶೋಧನೆಯನ್ನು ಮುನ್ನಡೆಸಿದ ಯೆಲ್ಲಾಪ್ರಗಡ ಸುಬ್ಬರಾವ್ ಅವರ ತಂಡದಿಂದ ಬಂದ ಈ ಔಷಧ ಮೊದಲು ರಕ್ತಕ್ಯಾನ್ಸರಿಗೆ ಬಳಕೆಯಾಯಿತು. ವಾರಕ್ಕೊಮ್ಮೆ ಸಣ್ಣ ಪ್ರಮಾಣದಲ್ಲಿ ಕೊಟ್ಟರೆ ಸಂಧಿವಾತ ಹತೋಟಿಗೆ ಬರುತ್ತದೆಂದು 1980ರ ದಶಕದ ಪ್ರಯೋಗಗಳು ಖಚಿತಪಡಿಸಿದ ಮೇಲೆ 1988ರಲ್ಲಿ ಅಮೆರಿಕದ ಔಷಧ ನಿಯಂತ್ರಕರು ಅದಕ್ಕೆ ಒಪ್ಪಿಗೆ ಕೊಟ್ಟರು. ಮೂರು ತಿಂಗಳು ಕಾಯಬೇಕಿದ್ದಲ್ಲಿ ಕೆಲವು ವಾರ, ಸೂಜಿಯ ಬದಲು ವಾರಕ್ಕೊಂದು ದಿನ ಗುಳಿಗೆ, ಬೆಲೆಯೂ ಅಗ್ಗ. ವಿಚಿತ್ರವೆಂದರೆ 1990ರ ದಶಕದಲ್ಲಿ ಜರ್ಮನಿಯಲ್ಲಿ ಇವೆರಡನ್ನೂ ಎದುರುಬದುರು ನಿಲ್ಲಿಸಿ ನೋಡಿದಾಗ ಚಿನ್ನದ ಸೂಜಿ ಗುಣದಲ್ಲಿ ಹಿಂದೆ ಬೀಳಲಿಲ್ಲ. ಅಡ್ಡಪರಿಣಾಮಗಳಿಂದಾಗಿ ಅರ್ಧದಲ್ಲಿ ಬಿಟ್ಟವರ ಸಂಖ್ಯೆಯಲ್ಲಿ ಸೋತಿತು. ಔಷಧವೆಂದರೆ ಕೆಲಸ ಮಾಡುವುದಷ್ಟೇ ಅಲ್ಲ, ರೋಗಿ ಅದನ್ನು ವರ್ಷಗಟ್ಟಲೆ ತೆಗೆದುಕೊಳ್ಳಲು ಸಾಧ್ಯವಾಗಬೇಕು. ಆ ಅಳತೆಯಲ್ಲಿ ತೀರ್ಪು ನ್ಯಾಯವಾದದ್ದೇ. 1998ರಿಂದ ಉರಿಯೂತದ ಸಂದೇಶಗಳನ್ನೇ ಹಿಡಿದು ಕಟ್ಟುವ ಜೈವಿಕ ಔಷಧಗಳು ಬಂದಾಗ ಚಿನ್ನಕ್ಕೆ ಉಳಿದಿದ್ದ ಮೂಲೆಯೂ ಹೋಯಿತು. 2019ರ ಸುಮಾರಿಗೆ ಆರೋಥಯೋಮಾಲೇಟಿನ ತಯಾರಿಕೆಯೇ ನಿಂತಾಗ, ಎಷ್ಟೋ ವರ್ಷಗಳಿಂದ ತಿಂಗಳಿಗೊಂದು ಸೂಜಿಯಲ್ಲಿ ನೆಮ್ಮದಿಯಾಗಿದ್ದ ಹಳೆಯ ರೋಗಿಗಳೂ ಬೇರೆ ಮದ್ದಿಗೆ ಬದಲಾಗಬೇಕಾಯಿತು.

ಆರಾನೊಫಿನ್ ಮಾತ್ರ ಪ್ರಯೋಗಾಲಯಗಳಲ್ಲಿ ಇನ್ನೂ ಬದುಕಿದೆ. ಕೋಶಗಳು ಆಮ್ಲಜನಕದಿಂದಾಗುವ ಹಾನಿಯಿಂದ ಪಾರಾಗಲು ಬಳಸುವ ಥಯೋರೆಡಾಕ್ಸಿನ್ ರಿಡಕ್ಟೇಸ್ ಎಂಬ ಕಿಣ್ವವನ್ನು ಅದು ಗಟ್ಟಿಯಾಗಿ ಹಿಡಿದು ನಿಲ್ಲಿಸುತ್ತದೆ. ಮನುಷ್ಯರ ಈ ಕಿಣ್ವದ ಕೇಂದ್ರದಲ್ಲಿ ಸೆಲೆನಿಯಂ ಇರುವುದೇ ಆ ಹಿಡಿತಕ್ಕೆ ಕಾರಣ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಗೋವಿಂದಸಾಮಿ ಮುಗೇಶ್ ಮತ್ತು ಅವರ ಸಂಗಡಿಗರು ಚಿನ್ನದ ಔಷಧಗಳು ಇಂಥ ಗಂಧಕ ಮತ್ತು ಸೆಲೆನಿಯಂ ಪ್ರೋಟೀನುಗಳೊಂದಿಗೆ ನಡೆಸುವ ವ್ಯವಹಾರವನ್ನು ಕುರಿತು ಬರೆದಿದ್ದಾರೆ. ಇದೇ ಬಗೆಯ ಕಿಣ್ವವನ್ನು ನೆಚ್ಚಿಕೊಂಡಿರುವ ಆಮಶಂಕೆಯ ಅಮೀಬಾವನ್ನು ಆರಾನೊಫಿನ್ ಕೊಲ್ಲುತ್ತದೆಂದು ಕ್ಯಾಲಿಫೋರ್ನಿಯಾದ ಸಂಶೋಧಕರು 2012ರಲ್ಲಿ ತೋರಿಸಿದರು. ಸಂಧಿವಾತದವರಿಗೆ ಭೇದಿ ತರಿಸಿ ಹೆಸರು ಕೆಡಿಸಿಕೊಂಡ ಗುಳಿಗೆಯನ್ನು ಭೇದಿಯ ರೋಗಕ್ಕೇ ಮದ್ದಾಗಿಸುವ ಆಲೋಚನೆ ಇದು. ಕ್ಯಾನ್ಸರ್ ಮತ್ತು ಕ್ಷಯದ ವಿರುದ್ಧವೂ ಅದನ್ನು ಪರೀಕ್ಷಿಸಲಾಗುತ್ತಿದೆ, ಆದರೆ ಇವುಗಳಲ್ಲಿ ಯಾವುದೂ ದಿನನಿತ್ಯದ ಚಿಕಿತ್ಸೆಯ ಹಂತ ಮುಟ್ಟಿಲ್ಲ.

ಇಷ್ಟೆಲ್ಲ ಓದಿದ ಮೇಲೆ ಉಂಗುರ ತೊಟ್ಟರೆ ಅಥವಾ ಭಸ್ಮ ತಿಂದರೆ ಸಂಧಿವಾತಕ್ಕೆ ಉಪಯೋಗವಾದೀತೇ ಎಂಬ ಪ್ರಶ್ನೆ ಏಳುವುದು ಸಹಜ. ಚಿನ್ನದ ಮದುವೆಯುಂಗುರ ತೊಟ್ಟ ಬೆರಳಿನ ಬುಡದ ಕೀಲಿನಲ್ಲಿ ಸವೆತ ತುಸು ಕಡಿಮೆಯಿರುವಂತೆ ಕಾಣುತ್ತದೆಂದು ಬ್ರಿಟಿಷ್ ವೈದ್ಯರು 1997ರಲ್ಲಿ ಬರೆದದ್ದುಂಟು. ಆದರೆ ಅದು ಚಿಕ್ಕ ಅಧ್ಯಯನ, ಅದರ ಮೇಲೆ ಯಾರೂ ಚಿಕಿತ್ಸೆಯನ್ನು ಕಟ್ಟಿಲ್ಲ. ಭಸ್ಮದ ಚಿನ್ನ ಲೋಹರೂಪದ ಕಣಗಳು. ಆರೋಥಯೋಮಾಲೇಟ್ ಬಗ್ಗೆ ನಡೆದ ಪ್ರಯೋಗಗಳ ಫಲವನ್ನು ಅದರ ಖಾತೆಗೆ ಜಮಾ ಮಾಡಲು ಬರುವುದಿಲ್ಲ. ಎರಡೂ ಕೈಗಳ ಬೆರಳಿನ ಬುಡಗಳು ಆರು ವಾರಕ್ಕೂ ಮೇಲೆ ಊದಿಕೊಂಡಿದ್ದು, ಬೆಳಗಿನ ಬಿಗಿತ ಒಂದು ಗಂಟೆ ಕಳೆದರೂ ಬಿಡದಿದ್ದರೆ ಅದನ್ನು ವಾಯುವೆಂದು ಎಣ್ಣೆ ತಿಕ್ಕುತ್ತ ಕೂರದೆ ಕೀಲುರೋಗ ತಜ್ಞರಿಗೆ ತೋರಿಸಬೇಕು. ಮೂಳೆಯ ಸವೆತದಲ್ಲಿ ಬಹಳಷ್ಟು ಮೊದಲ ಎರಡು ವರ್ಷಗಳಲ್ಲೇ ಶುರುವಾಗುತ್ತದೆ, ಒಮ್ಮೆ ಸವೆದದ್ದು ಮರಳುವುದಿಲ್ಲ. ಮೆಥೊಟ್ರೆಕ್ಸೇಟ್ ಬರೆದುಕೊಟ್ಟರೆ ಅದನ್ನು ವಾರದಲ್ಲಿ ಒಂದೇ ದಿನ ತೆಗೆದುಕೊಳ್ಳಬೇಕೆಂಬುದನ್ನೂ, ಕಾಲಕಾಲಕ್ಕೆ ರಕ್ತಪರೀಕ್ಷೆ ಮಾಡಿಸಬೇಕೆಂಬುದನ್ನೂ ಮರೆಯಬಾರದು.